ಡಾಲ್ಡಾ ಡಬ್ಬಿಯ ನೆಲಸೀತಾಳೆ

ಶೇವಂತಿ ತವರಿನಲ್ಲಿ ನಾಗರಪಂಚಮಿ ಮುಗಿಸಿಕೊಂಡು ಗಂಡನ ಮನೆಗೆ ಬಂದಾಗ ಅವಳ ಒಂದು ಕೈಯಲ್ಲಿ ಉಂಡಿಯ ಗಂಟು, ಇನ್ನೊಂದು ಕೈಯಲ್ಲಿ ಒಂದು ಡಾಲ್ಡಾ ಡಬ್ಬಿ ಇತ್ತು. ಉಂಡಿಯ ಗಂಟನ್ನು ಅತ್ತೆಯ ಕೈಗೆ ಕೊಟ್ಟಳು. ಡಬ್ಬಿಯನ್ನು ಯಾರ ಕೈಗೂ ಕೊಡಲಿಲ್ಲ.

ಅತ್ತೆ ಹುಚ್ಚವ್ವ ಡಬ್ಬಿಯೊಳಗೆ ಇಣುಕಿದಳು. ಕೆಂಪು ಮಣ್ಣು, ನೆಲಕ್ಕಂಟಿದ ದಪ್ಪ ಎಲೆಗಳು, ನಡುವೆ ಒಂದು ದಂಟು. ದಂಟಿನ ತುದಿಯಲ್ಲಿ ಬಿಳಿಯ ಹೂಗಳು. ಒಂದೊಂದು ಹೂವಿನ ಹಿಂದೆಯೂ ಉದ್ದನೆಯ ಬಾಲ.

"ಇದನ್ನ್ಯಾಕ ಅಷ್ಟ ದೂರದಿಂದ ಹೊತಗೊಂಡ ಬಂದಿ? ನಮ್ಮಲ್ಲಿ ಹೂವಿಲ್ಲೇನು?"

"ಇದು ಅಂಥಾ ಹೂವಲ್ರಿ ಅತ್ತೀ. ನೆಲಸೀತಾಳಿ. ಸಮುದ್ರದ ದಂಡಿ ಕಾಡಿನಾಗ, ಗೇರಮರದ ಬುಡಕ್ಕ, ಮಳಿಗಾಲದಾಗ ನೆಲದಿಂದ ಏಳತೈತಿ."

"ಸಮುದ್ರದ ದಂಡಿದು ಅಂದ್ರ ಮೀನದ ವಾಸನಿ ಬರತೈತೇನು?"

"ಸಂಜಿಗೆ ಮೂಸಿ ನೋಡ್ರಿ."

ಸಂಜೆಗೆ ಹುಚ್ಚವ್ವ ಮೂಸಿ ನೋಡಿದಳು. ಅಲ್ಲಿಂದ ಬೇಗ ಎದ್ದು ಬರಲಿಲ್ಲ.

ಇದು ಎಪ್ಪತ್ತಾರನೆಯ ಇಸವಿಯ ಮಾತು. ಊರು ನಿಡಗುಂದಿ. ಶೇವಂತಿ ಹುಚ್ಚವ್ವನಿಗೆ ಸೊಸೆ ಮಾತ್ರವಲ್ಲ, ಒಡಹುಟ್ಟಿದ ತಮ್ಮ ಮಾಳಿಂಗಪ್ಪನ ಮಗಳು. ಮಾಳಿಂಗಪ್ಪ ಸಿಂದಗಿ ಕಡೆಯ ಕುರಿ ಕಾಯುವ ಮನೆತನದವನು. ಹರೆಯದಲ್ಲಿ ಯಾರದೋ ಮಾತು ಕೇಳಿ ಅಂಕೋಲೆಗೆ ಹೋಗಿ ಕಾಡಿನ ವಾಚರ್ ಆದ. ಕುರಿ ಕಾಯುವುದನ್ನು ಬಿಟ್ಟು ಮರ ಕಾಯಲು ನಿಂತ. "ಮರ ಭಾಳ ಚಲೋ ಜಾತಿ. ಮಂದಿ ಹೊಲಕ್ಕ ಹೋಗೂದಿಲ್ಲ" ಎಂದು ಹೇಳುತ್ತಿದ್ದ. ಮಗಳು ಅಲ್ಲಿಯೇ ಹುಟ್ಟಿ, ಅಲ್ಲಿಯ ಮಳೆಯಲ್ಲಿ ಬೆಳೆದಳು. ಅಕ್ಕನ ಮಗ ಚಂದಪ್ಪನಿಗೆ ಕೊಟ್ಟು ಮದುವೆ ಮಾಡಿದ ಮೇಲೆ, ರಕ್ತ ಇಲ್ಲಿಯದಾದರೂ ಚರ್ಮ ಅಲ್ಲಿಯದು ಎಂಬುದು ಎಲ್ಲರಿಗೂ ತಿಳಿಯಿತು. ತುಟಿ ಒಡೆಯಿತು, ಹಿಮ್ಮಡಿ ಬಿರಿಯಿತು.

"ನಿಮ್ಮ ಊರಾಗ ಒಂದ ಸುಖ ಐತ್ರಿ ಅತ್ತೀ" ಎಂದಿದ್ದಳು ಮದುವೆಯ ಹೊಸತರಲ್ಲಿ. "ಮಾರಿ ತೊಳಕೊಂಡ್ರ ಒರಸೂದ ಬೇಕಾಗಿಲ್ಲ. ಟವೆಲ್ ತರೂದ್ರಾಗ ಒಣಗಿರತೈತಿ."

"ನಿಮ್ಮಪ್ಪಾ ಇಂಥಾ ಬಿಸಲಾಗ ಹುಟ್ಟ್ಯಾನ ತಗೋ" ಎಂದಳು ಹುಚ್ಚವ್ವ. "ಸಮುದ್ರ ನೋಡಿದ ಮ್ಯಾಲ ಬೆವರಾಕ ಕಲತಾನ."

ಗಂಡ ಚಂದಪ್ಪನ ವಿಷಯ ಹೇಳಬೇಕು. ಅವನು ವಿಜಾಪುರದಲ್ಲಿ ಹಗಲು ಇಟ್ಟಂಗಿ ಹೊತ್ತು, ಸಂಜೆಯ ಸಾಲಿಗೆ ಹೋಗಿ ಮ್ಯಾಟ್ರಿಕ್ ಮುಗಿಸಿದವನು. ಸಂಜೆಯ ಸಾಲಿ ಕಲಿತವರಿಗೆ ಒಂದು ಕೊರಗು ಇರುತ್ತದೆ: ಹಗಲು ಸಾಲಿಯಲ್ಲಿ ಏನೋ ಮುಖ್ಯವಾದದ್ದನ್ನು ಹೇಳಿಕೊಟ್ಟಿದ್ದಾರೆ, ಅದು ನಮಗೆ ತಪ್ಪಿಹೋಗಿದೆ ಎಂದು. ಆದ್ದರಿಂದ ಚಂದಪ್ಪ ಯಾವ ಕೆಲಸವನ್ನಾದರೂ ಬೇಕಾದ್ದಕ್ಕಿಂತ ಒಂದಿಷ್ಟು ಹೆಚ್ಚೇ ಮಾಡುತ್ತಿದ್ದ. ಬಾಗಿಲಿಗೆ ಕೀಲಿ ಹಾಕಿ ಓಣಿಯ ತುದಿಗೆ ಹೋದವನು ತಿರುಗಿ ಬಂದು ಕೀಲಿ ಜಗ್ಗಿ ನೋಡುತ್ತಿದ್ದ. ಒಳಗೆ ಅವ್ವ ಇರುವಾಗ ಕೀಲಿ ಯಾಕೆ ಹಾಕಿದೆ ಎಂಬುದು ಆಗ ನೆನಪಾಗುತ್ತಿತ್ತು.

ಅವನಿಗೆ ಆಲಮಟ್ಟಿಯ ಆಣೆಕಟ್ಟಿನಲ್ಲಿ ಕೆಲಸ. ಕಲ್ಲಿನ ಗೋಡೆ ಎಬ್ಬಿಸಿದ ಮೇಲೆ ಅದಕ್ಕೆ ಎಷ್ಟೋ ದಿನ ನೀರು ಕುಡಿಸಬೇಕಾಗುತ್ತದೆ. ಸಿಮೆಂಟು ಹಸಿಯಾಗಿದ್ದಷ್ಟೂ ಗಟ್ಟಿ; ಬೇಗ ಒಣಗಿದರೆ ಬಿರುಕು. ಆಳುಗಳು ನೀರು ಹೊಡೆಯುತ್ತಾರೋ ಇಲ್ಲವೋ, ಹೊದಿಸಿದ ಗೋಣಿತಟ್ಟು ಹಸಿಯಾಗಿದೆಯೋ ಇಲ್ಲವೋ ಎಂದು ಕೈಮುಟ್ಟಿ ನೋಡಿಕೊಳ್ಳುವುದು ಚಂದಪ್ಪನ ಜವಾಬ್ದಾರಿ. ಅವನಂಥ ಮನುಷ್ಯನಿಗೆ ಇದಕ್ಕಿಂತ ಒಪ್ಪುವ ಕೆಲಸ ಇರಲಿಲ್ಲ. ಪಕ್ಕದ ಮನೆಯ, ಗೋಡೆ ಕಟ್ಟುವ ಗೌಂಡಿ ಮಶಾಕಸಾಬ ಅವನನ್ನು "ನೀರಿನ ಸಾಹೇಬ್ರು" ಎಂದೇ ಕರೆಯುತ್ತಿದ್ದ.

ದೀಪಾವಳಿ ಕಳೆದು ಶೇವಂತಿಗೆ ಏಳನೆಯ ತಿಂಗಳ ಕುಬಸವಾಯಿತು. ಚೊಚ್ಚಲ ಹೆರಿಗೆಗೆ ಕರೆದೊಯ್ಯಲು ಮಾಳಿಂಗಪ್ಪನೇ ಬಂದ. ಆಲಮಟ್ಟಿ ಸ್ಟೇಷನ್ನಿನಲ್ಲಿ ಗಾಡಿ ತಡವಿತ್ತು. ಮಾಳಿಂಗಪ್ಪ ಚಹಾ ಕುಡಿಯಲು ಹೋದ ಹೊತ್ತಿನಲ್ಲಿ ಶೇವಂತಿ ಗಂಡನ ಕಡೆ ತಿರುಗಿದಳು.

"ಕಾರವಾರದ ಕಡೆ ವರ್ಗಾ ಕೇಳ್ತೇನಿ ಅಂದಿದ್ರಿ."

"ಅಂದಿದ್ದೆ."

"ಕೇಳಿದ್ರೇನು?"

"ಕೇಳಬೇಕು. ಅವ್ವಗ ಹೆಂಗ ಹೇಳೂದು ಅಂತ..." ಚಂದಪ್ಪ ಹಳಿಗಳನ್ನು ನೋಡಿದ. ಅವ್ವ ಈ ಊರು ಬಿಟ್ಟು ಬರುವವಳಲ್ಲ. ಇನ್ನೊಂದನ್ನು ಅವನು ಹೇಳಿಕೊಳ್ಳಲು ನಾಚುತ್ತಿದ್ದ. ತಾನು ನೀರು ಕುಡಿಸಿ ಬೆಳೆಸಿದ ಗೋಡೆಗೆ ಒಂದು ದಿನ ಕೃಷ್ಣೆ ಬಂದು ಒರಗಿ ನಿಲ್ಲುತ್ತಾಳೆ. ಅದನ್ನು ನೋಡದೆ ಹೋಗುವುದು ಅವನಿಗೆ ಆಗದ ಮಾತಾಗಿತ್ತು.

"ಹಂಗಾದ್ರ ಒಂದ ಶರ್ತು ಹಾಕೂಣು" ಎಂದಳು ಶೇವಂತಿ. "ನನ್ನ ನೆಲಸೀತಾಳಿ ಮುಂದಿನ ಪಂಚಮಿ ಹೊತ್ತಿಗೆ ಈ ಮಣ್ಣಾಗ ಹೂ ಬಿಟ್ರ ನಾನೂ ಇಲ್ಲೇ ಇರ್ತೇನಿ. ವರ್ಗಾದ ಸುದ್ದಿ ಎತ್ತೂದಿಲ್ಲ. ಬಿಡಲಿಲ್ಲ ಅಂದ್ರ ಮರುದಿನಾನ ನೀವು ಅರ್ಜಿ ಕೊಡಬೇಕು."

"ಗಿಡದ ಮ್ಯಾಲ ಶರ್ತೇನು?"

"ಯಾಕ, ದಿನಾ ಗ್ವಾಡಿಗೆ ನೀರ ಹಾಕ್ತೀರಿ. ಒಂದ ಡಬ್ಬಿ ನೋಡಿಕೊಳ್ಳಾಕ ಆಗೂದಿಲ್ಲೇನು? ಮತ್ತ ಅತ್ತ್ಯಾರಿಗೆ ಹೇಳಬ್ಯಾಡ್ರಿ. ಅವರು ಡಬ್ಬಿಗೆ ಹರಕಿ ಹೊತ್ರ ಶರ್ತು ಕೆಡತೈತಿ."

ಗಾಡಿ ಬಂತು. ಶೇವಂತಿ ಹೋದಳು.

ಒಂದು ವಾರಕ್ಕೆ ಗಿಡದ ಎಲೆಯ ತುದಿ ಹಳದಿಯಾಯಿತು.

ಕಪ್ಪು ಮಣ್ಣಿನ ಸೀಮೆಯಲ್ಲಿ ಹುಟ್ಟಿದವನಿಗೆ ಹಳದಿ ಎಲೆಯ ಅರ್ಥ ಒಂದೇ: ನೀರು ಸಾಲದು. ಚಂದಪ್ಪ ಬೆಳಿಗ್ಗೆ ಒಂದು ತಂಬಿಗೆ ಹಾಕುತ್ತಿದ್ದವನು ಸಂಜೆಗೂ ಒಂದು ಹಾಕತೊಡಗಿದ. ಎಲೆ ಇನ್ನಷ್ಟು ಹಳದಿಯಾಯಿತು. ಡಬ್ಬಿಯನ್ನು ಎತ್ತಿ ನೋಡಿದ. ತಳದಲ್ಲಿ ಮೊಳೆಯಿಂದ ಹೊಡೆದ ಮೂರು ತೂತುಗಳು! ಹಾಕಿದ ನೀರೆಲ್ಲ ಸೋರಿ ಹೋಗುತ್ತಿದೆ. ಪಾಪ, ಮಳೆನಾಡಿನ ಹುಡುಗಿ, ಅವಳಿಗೆ ನೀರಿನ ಬೆಲೆ ಏನು ಗೊತ್ತು ಎಂದುಕೊಂಡು, ಒಂದು ಹಿಡಿ ಸಿಮೆಂಟು ಕಲಸಿಕೊಡಲು ಮಶಾಕಸಾಬನನ್ನು ಕೇಳಿದ. ಮಶಾಕಸಾಬ ತನ್ನ ಮನೆಯ ಕಟ್ಟೆಗೆಂದು ತಂದಿಟ್ಟಿದ್ದ ಸಿಮೆಂಟಿನಲ್ಲಿಯೇ ಕಲಸಿ, ಮೂರೂ ತೂತು ಮುಚ್ಚಿ, ಕರಣಿಯಿಂದ ನಯ ಮಾಡಿದ.

"ಚಂದಪ್ಪಾ, ಇದು ಕೃಷ್ಣಾ ಕೊಳ್ಳದಾಗ ಎಲ್ಲಾಕಿಂತ ಸಣ್ಣ ಆಣೆಕಟ್ಟು" ಎಂದ. "ಯಾವಾಗ ಉದ್ಘಾಟನಾ?"

"ನಗಬ್ಯಾಡ ಮಶಾಕಣ್ಣ. ಇದರಾಗ ನನ್ನ ಸಂಸಾರ ಐತಿ."

"ಡಬ್ಬಿಯೊಳಗ ಸಂಸಾರ ಇಟ್ಟಾವ ನೀನ ಮೊದಲನೇದಾಂವ ನೋಡು."

ಚಂದಪ್ಪ ಡಬ್ಬಿಗೆ ಹಸಿ ಗೋಣಿತಟ್ಟನ್ನೂ ಸುತ್ತಿದ. ಗೋಡೆಗೆ ಹಿತವಾದದ್ದು ಗಿಡಕ್ಕೆ ಅಹಿತವಾಗಲು ಕಾರಣವೇ ಇರಲಿಲ್ಲ. ಆದರೂ ಸಂಕ್ರಾಂತಿಯ ಹೊತ್ತಿಗೆ ಎಲೆಗಳೆಲ್ಲ ಕೊಳೆತು ಬಿದ್ದು, ಡಬ್ಬಿಯಲ್ಲಿ ಬರೀ ಕೆಂಪು ರಾಡಿ ಉಳಿಯಿತು. ಅವನು ರಾಡಿಗೂ ನೀರು ಹಾಕಿದ. ಬೇರಿನಲ್ಲಿ ಜೀವ ಇದ್ದರೆ?

ಆ ತಿಂಗಳ ಕೊನೆಗೆ ಹೆಣ್ಣು ಹುಟ್ಟಿದ ಸುದ್ದಿ ಬಂತು. ತೊಟ್ಟಿಲಿಗೆ ಹಾಕುವ ದಿನ ಚಂದಪ್ಪ ಅಂಕೋಲೆಗೆ ಹೋದ. ಕೂಸನ್ನು ಎತ್ತಿಕೊಳ್ಳಲು ಅಂಜಿ ಅಂಜಿ ಎತ್ತಿಕೊಂಡ. ಎತ್ತಿಕೊಂಡ ಮೇಲೆ ಕೆಳಗಿಡಲು ಅಂಜಿದ.

"ನನ್ನ ಗಿಡಾ ಹೆಂಗೈತ್ರಿ?" ಎಂದು ಶೇವಂತಿ ಕೇಳಿದಳು.

ಸುಳ್ಳು ಹೇಳುವ ಧೈರ್ಯ ಅವನಿಗೆ ಇರಲಿಲ್ಲ. ನಿಜ ಹೇಳುವುದಕ್ಕೂ ಇರಲಿಲ್ಲ. "ದಿನಾ ಎರಡ ಸಲ ನೀರ ಹಾಕಾಕತ್ತೇನಿ" ಎಂದ.

"ಈಗ? ಈ ದಿನದಾಗ?"

"ತಪ್ಪದ."

ಶೇವಂತಿ ಥಟ್ಟನೆ ಗೋಡೆಯ ಕಡೆ ತಿರುಗಿದಳು. ಅವಳ ಭುಜ ಅಲುಗುತ್ತಿತ್ತು. ಬಾಣಂತಿಗೆ ದುಃಖವಾಯಿತು ಎಂದು ಚಂದಪ್ಪ ತಿಳಿದ.

ಅವನು ಅಂಕೋಲೆಯಲ್ಲಿದ್ದಾಗಲೇ ಹುಚ್ಚವ್ವ ನಿಡಗುಂದಿಯಲ್ಲಿ ಡಬ್ಬಿಯನ್ನು ಬೋರಲು ಹಾಕಿದ್ದಳು. ಅದರಲ್ಲಿ ನಿಂತ ನೀರು ನಾರುತ್ತಿತ್ತು, ಸೊಳ್ಳೆ, ಗುಂಗಾಡು ಏಳುತ್ತಿದ್ದವು. ರಾಡಿಯ ಜೊತೆ ಎರಡು ಗಡ್ಡೆ ಹೊರಗೆ ಬಿದ್ದವು. ಒಂದು ಸುಕ್ಕುಗಟ್ಟಿದ್ದು, ಇನ್ನೊಂದು ದುಂಡಗೆ ಬೆಳ್ಳಗೆ ಇದ್ದದ್ದು. ಅವಳು ದುಂಡಗಿದ್ದದ್ದನ್ನು ಒತ್ತಿ ನೋಡಿದಳು. ಗಟ್ಟಿ ಇತ್ತು, ಮೇಲೆ ಮೊಳಕೆಯ ಕಣ್ಣೂ ಇತ್ತು. ಅದು ಏನು ಎಂಬುದು ಅವಳಿಗೆ ಗೊತ್ತಿರಲಿಲ್ಲ. ಸೊಸೆಯ ಹೂವಿನ ಗಿಡ ಸತ್ತೇ ಹೋಯಿತು, ಇದು ಕಡಲದಂಡೆಯ ಉಳ್ಳಾಗಡ್ಡಿಯ ಜಾತಿ ಯಾವುದೋ ಮಣ್ಣಿನ ಜೊತೆ ಬಂದಿದೆ ಎಂದುಕೊಂಡಳು. ಸಾರಿಗೆ ಹಾಕಬೇಕೆಂದು ಒಂದು ಗಳಿಗೆ ಅನಿಸಿತು ಕೂಡ. ಆದರೆ ಆ ಸೀಮೆಯ ಹೆಂಗಸರಲ್ಲಿ ಒಂದು ಪದ್ಧತಿ ಇದೆ. ಕಣ್ಣಿರುವ ಬೀಜವನ್ನು ಹೊರಗೆ ಚೆಲ್ಲುವುದಿಲ್ಲ. ಅವಳು ಎರಡನ್ನೂ ತೊಳೆದು, ನೆರಳಿಗೆ ಒಣಗಿಸಿ, ಬೂದಿ ಹಚ್ಚಿ, ಅರಿಶಿಣದ ಬೀಜ ಇಟ್ಟಿದ್ದ ಗಡಿಗೆಯಲ್ಲಿ ಹಾಕಿ, ಬಾಯಿಗೆ ಬೇವಿನ ಸೊಪ್ಪು ತುರುಕಿ ಗೋಡೆಯ ಮಾಡದಲ್ಲಿಟ್ಟಳು. ಡಬ್ಬಿಗೆ ಬೇರೆ ಮಣ್ಣು ತುಂಬಿ ಇದ್ದಲ್ಲಿಯೇ ಇಟ್ಟಳು.

ಮಗ ಬಂದವನೇ ತಂಬಿಗೆ ಹಿಡಿದು ಹಿತ್ತಲಿಗೆ ನಡೆದ.

ಹೇಳಿಬಿಡಬೇಕು ಎಂದುಕೊಂಡಳು. ಆದರೆ ಹೆಂಡತಿ ಊರಲ್ಲಿಲ್ಲದ ಗಂಡಸಿಗೆ ಕೈಗೊಂದು ಕೆಲಸ ಬೇಕಲ್ಲ ಎಂದು ಸುಮ್ಮನಾದಳು. ಹೀಗೆ ಚಂದಪ್ಪ ಆ ಇಡೀ ಬೇಸಿಗೆ ಏನೂ ಇಲ್ಲದ ಡಬ್ಬಿಗೆ ನೀರು ಹಾಕಿದ. ಬಾವಿಯ ನೀರು ತಳ ಕಂಡಾಗ ತಾನು ಅರ್ಧ ಕೊಡದಲ್ಲಿ ಮಿಂದು ಉಳಿದದ್ದನ್ನು ಡಬ್ಬಿಗೆ ಹಾಕಿದ.

"ನಿನ್ನ ಮಗಾ ಮಣ್ಣಿಗೆ ಸ್ನಾನಾ ಮಾಡಸಾಕತ್ತಾನ, ಹುಚ್ಚಕ್ಕ" ಎಂದು ಮಶಾಕಸಾಬನ ಹೆಂಡತಿ ಶಮಶಾದಬಿ ಗೋಡೆಯ ಆ ಕಡೆಯಿಂದ ಕೂಗುತ್ತಿದ್ದಳು. "ಜಳಕಾ ಆದ ಮ್ಯಾಲ ಕಾಡಿಗಿ ಹಚ್ಚಂತ ಹೇಳು!"

"ಹಚ್ಚತಾನವಾ, ಅದಕ್ಕೂ ಹಿಂದ ಮುಂದ ನೋಡಾಂವಲ್ಲ."

ಬಸವ ಜಯಂತಿ ಕಳೆದ ಮೇಲೆ ಶಮಶಾದಬಿ ನೆಡಲು ಅರಿಶಿಣದ ಬೀಜ ಕೇಳಿ ಬಂದಳು. ಹುಚ್ಚವ್ವ ಗಡಿಗೆಯನ್ನು ಅವಳ ಸೆರಗಿಗೆ ಬಗ್ಗಿಸಿದಳು. ಖಾಲಿ ಗಡಿಗೆ ಒಳಗಿಡಲು ಹೋದಾಗ ಹಿತ್ತಲಲ್ಲಿ ಆ ಡಬ್ಬಿ ಕಣ್ಣಿಗೆ ಬಿತ್ತು. ಊರೆಲ್ಲ ಕಾದು ಹೆಂಚಾಗಿರುವಾಗ ಅದರ ಮಣ್ಣು ಮಾತ್ರ ತಣ್ಣಗೆ ಹಸಿಯಾಗಿತ್ತು. ಇಷ್ಟು ಚೆಂದದ ಹಸಿ ಸುಮ್ಮನೆ ಹೋಗುತ್ತಿದೆಯಲ್ಲ ಎಂದು ಹೊಟ್ಟೆ ಉರಿದು, ಒಂದು ಚಿಮುಟು ಕೊತ್ತಂಬರಿ ಬೀಜ ಉಜ್ಜಿ ಹಾಕಿದಳು.

ಎರಡು ವಾರದ ನಂತರ ಒಂದು ಬೆಳಿಗ್ಗೆ ಓಣಿಯೆಲ್ಲ ಎದ್ದು ಕೂಡ್ರುವಂತೆ ಚಂದಪ್ಪ ಕೂಗಿದ. "ಮಶಾಕಣ್ಣ! ಬಂತು! ಮೊಳಕಿ ಬಂತು!"

ಮಶಾಕಸಾಬ ಹಲ್ಲುಜ್ಜುತ್ತಲೇ ಗೋಡೆಯ ಮೇಲಿಂದ ಬಗ್ಗಿ ನೋಡಿದ. "ಒಂದಲ್ಲೋ, ಭಾಳ ಅದಾವ. ನಿನ್ನ ಸಂಸಾರ ಬೆಳದೈತಿ!"

ಅಂದು ಆಣೆಕಟ್ಟಿನ ಮೇಲೆ ಆ ಸುದ್ದಿ ಕೇಳದ ಮನುಷ್ಯರಿರಲಿಲ್ಲ. ಚಂದಪ್ಪ ನಡೆಯುವ ರೀತಿಯೇ ಬೇರೆಯಾಗಿತ್ತು. ಇನ್ನು ಮೂರೇ ವಾರದಲ್ಲಿ ಶೇವಂತಿ ಕೂಸಿನೊಂದಿಗೆ ಬರುವವಳಿದ್ದಳು.

ಆದರೆ ಎಲೆ ದಪ್ಪಗಾಗುವ ಬದಲು ಅಂಚು ಹರಿದುಕೊಂಡವು. ಅವಳು ಬರುವ ಹಿಂದಿನ ದಿನ ಚಂದಪ್ಪ ಊಟಕ್ಕೆ ಕೂತಿದ್ದ. ರೊಟ್ಟಿಯ ಮೇಲೆ ಹಸಿರು ಚಟ್ನಿ ಇತ್ತು. ಘಮ್ಮೆನ್ನುತ್ತಿತ್ತು. ಎರಡನೆಯ ತುತ್ತಿಗೆ ಅವನ ಕೈ ನಿಂತಿತು.

"ಅವ್ವಾ, ಈ ದಿನದಾಗ ಕೊತ್ತಂಬರಿ ಎಲ್ಲಿಂದ ಬಂತು?"

"ನಿನ್ನ ಡಬ್ಬ್ಯಾಗಿಂದು. ಹೆಂಗೂ ನೀರ ಹಾಕಾಕತ್ತಿದ್ದೆಲ್ಲಾ."

"ಅಲ್ಲಿ ನೆಲಸೀತಾಳಿ ಇತ್ತು!"

"ಅದು ಸಂಕ್ರಮಣಕ್ಕ ಸತ್ತೈತಿ. ಅದರಾಗ ಎರಡ ಗಡ್ಡಿ ಇದ್ದು. ತಗದ ಗಡಗ್ಯಾಗ ಇಟ್ಟಿದ್ದೆ."

ಚಂದಪ್ಪ ತಾಟು ಬಿಟ್ಟು ಎದ್ದ. "ಯಾವ ಗಡಿಗಿ?"

"ಅರಿಶಿಣದ ಗಡಿಗಿ. ಶಮಶಾದಗ ಕೊಟ್ಟೆ."

ಚಂದಪ್ಪ ಎದ್ದವನು ಮತ್ತೆ ಕೂತ. ಅವನ ಮುಖ ನೋಡಿ ಹುಚ್ಚವ್ವನಿಗೆ ದಿಗಿಲಾಯಿತು. ಗದರಿ ಕೇಳಿದಳು, ಪುಸಲಾಯಿಸಿ ಕೇಳಿದಳು. ಕೊನೆಗೆ ಅವನು ಆಲಮಟ್ಟಿ ಸ್ಟೇಷನ್ನಿನ ಶರ್ತನ್ನು ಹೇಳಿದ. ಹೂ ಬಿಡದಿದ್ದರೆ ಪಂಚಮಿಯ ಮರುದಿನ ಅರ್ಜಿ ಕೊಡಬೇಕು. ಅರ್ಜಿ ಕೊಟ್ಟರೆ ಈ ಊರು ಬಿಡಬೇಕು.

"ನಾ ಇಲ್ಲಿರೂದು, ನೀ ಅಲ್ಲಿಗೆ ಹೋಗೂದು... ಇದನ್ನೆಲ್ಲಾ ಒಂದ ಉಳ್ಳಾಗಡ್ಡಿ ಮ್ಯಾಲ ಇಟ್ಟಿರೇನೋ?" ಎಂದಳು ಹುಚ್ಚವ್ವ. "ಅದನ್ನ ನಾ ಸಾರಿಗೆ ಹಾಕಾಕಿದ್ದೆ!"

ಇಬ್ಬರೂ ಗೋಡೆ ಸುತ್ತಿ ಪಕ್ಕದ ಹಿತ್ತಲಿಗೆ ಓಡಿದರು. ಬಚ್ಚಲದ ನೀರು ಹರಿಯುವ ಕಡೆ ಶಮಶಾದಬಿಯ ಅರಿಶಿಣದ ಮಡಿ. ಕೆಲವು ಮೊಳಕೆ ಆಗಲೇ ನೆಲ ಒಡೆದು ನಿಂತಿದ್ದವು. ಚಂದಪ್ಪ ಬಗ್ಗಿ ಮಣ್ಣಿಗೆ ಕೈ ಹಾಕಿದ.

"ಏ! ಕೈ ತಗಿ!" ಶಮಶಾದಬಿ ಕಸಬರಿಗೆ ಹಿಡಿದೇ ಬಂದಳು. "ಮೊಳಕಿ ಮುರದ್ರ ಯಾರ ಕೊಡ್ತಾರ? ಮುಂದಿನ ವರ್ಷ ನನ್ನ ಮಗಳ ಲಗ್ನಕ್ಕ ಬೇಕದು."

"ಭಾಬೀ, ಅದರಾಗ ನಮ್ಮವು ಎರಡ ಗಡ್ಡಿ ಅದಾವ."

"ಯಾವು?"

"ಗೊತ್ತಿಲ್ಲ."

"ನೋಡಿದ್ರ ಗುರತ ಹಿಡೀತೀಯೇನು?"

ಚಂದಪ್ಪ ಪ್ರಾಮಾಣಿಕವಾಗಿ ಯೋಚಿಸಿದ. "ಎಲಿ ಇದ್ದಾಗ ನೋಡಿದ್ದೆ. ಈಗ ನೀರ ಹಾಕಿ ಹಾಕಿ ನನಗ ಎಲ್ಲಾ ಒಂದ ಥರಾ ಕಾಣಾಕತ್ತೈತಿ."

"ಹಂಗಾದ್ರ ಬೆಳೀಲಿ ಬಿಡು. ತಾನ ಬಂದ್ರ ಬರತೈತಿ. ಮತ್ತ ಹೇಳ್ತೇನಿ ಕೇಳು, ತಂಬಗಿ ಹಿಡಕೊಂಡ ಈ ಕಡೆ ಬರಬ್ಯಾಡ."

ಮರುದಿನ ಸ್ಟೇಷನ್ನಿನಿಂದ ಬರುವ ದಾರಿಯಲ್ಲಿ ಚಂದಪ್ಪ ಹೆಂಡತಿಗೆ ಎಲ್ಲವನ್ನೂ ಹೇಳಿದ. ಮೂರು ತೂತು, ಸಿಮೆಂಟು, ಗೋಣಿತಟ್ಟು, ಚಟ್ನಿ, ಯಾವುದನ್ನೂ ಬಿಡಲಿಲ್ಲ. ಶೇವಂತಿ ಕೂಸಿನ ಮುಖಕ್ಕೆ ಮುಖವಿಟ್ಟು ಕೇಳುತ್ತಿದ್ದಳು.

"ನಾ ಸೋತೆ" ಎಂದ ಚಂದಪ್ಪ.

"ಪಂಚಮಿ ಇನ್ನೂ ದೂರ ಐತಿ" ಎಂದಳು ಶೇವಂತಿ. ಅಷ್ಟೇ.

ಚಂದಪ್ಪ ಅರ್ಜಿಯನ್ನು ಬರೆದಿಟ್ಟುಕೊಂಡ. ಮಡಚಿ ಅಂಗಿಯ ಜೇಬಿನಲ್ಲಿಟ್ಟ. ಅದು ಬೆವರಿಗೆ ಹಸಿಯಾದಾಗ ಹೊಸದಾಗಿ ಬರೆದು ಮತ್ತೆ ಇಟ್ಟ. ಶ್ರಾವಣ ಹತ್ತಿರವಾದಂತೆ ಅವನ ಊಟ ಕಡಿಮೆಯಾಯಿತು. ಹುಚ್ಚವ್ವ ಮಾತ್ರ ದಿನಕ್ಕೊಂದು ನೆಪ ಹೂಡಿ ಶಮಶಾದಬಿಯ ಹಿತ್ತಲಿಗೆ ಹೋಗುತ್ತಿದ್ದಳು. ಒಮ್ಮೆ ಬೆಂಕಿ, ಒಮ್ಮೆ ಮಜ್ಜಿಗೆ, ಒಮ್ಮೆ ಕಳೆದೇ ಹೋಗದ ಕೋಳಿ. ಅಲ್ಲಿ ಅರಿಶಿಣದ ಎಲೆ ಮೊಣಕಾಲೆತ್ತರ ಬೆಳೆದು ನೆಲ ಕಾಣದಂತಾಗಿತ್ತು. ಶೇವಂತಿಯೂ ಕೂಸಿನ ಅರಿವೆ ಒಣಗಹಾಕುವ ನೆವದಲ್ಲಿ ಅತ್ತ ಹೋಗಿ ಬರುತ್ತಿದ್ದಳು. "ಎಂಥದಾದ್ರೂ ಕಾಣ್ತೇನ?" ಎಂದು ಅತ್ತೆ ಅವಳ ಅಂಕೋಲೆಯ ಮಾತನ್ನೇ ಅಣಕಿಸಿ ಕೇಳಿದರೆ, "ಅರಿಶಿಣ ಚಲೋ ಬಂದೈತ್ರಿ" ಎನ್ನುತ್ತಿದ್ದಳು.

ಪಂಚಮಿಯ ಹಿಂದಿನ ದಿನ ಬಂತು. ಮಶಾಕಸಾಬನ ಹಿತ್ತಲಿನ ಬೇವಿನ ಮರಕ್ಕೆ ಜೋಕಾಲಿ ಕಟ್ಟಿದ್ದರು. ಎರಡೂ ಮನೆಗೆ ಅದೇ ಒಂದು ದೊಡ್ಡ ಮರ. ಓಣಿಯ ಹುಡುಗಿಯರು ಆಡಿ ಹೋದ ಮೇಲೆ, ಸಂಜೆ ಕಪ್ಪಾಗುವ ಹೊತ್ತಿಗೆ, ಹುಚ್ಚವ್ವ ಮೊಮ್ಮಗಳನ್ನು ಎತ್ತಿಕೊಂಡು ಜೋಕಾಲಿಯ ಮೇಲೆ ಕೂತಿದ್ದಳು. ಮಗ ಒಳಗೆ ಅರ್ಜಿಯನ್ನು ಹೊಸ ಹಾಳೆಯ ಮೇಲೆ ಕೊನೆಯ ಸಲ ಬರೆಯುತ್ತಿದ್ದ. ನಾಳೆ ಪಂಚಮಿ, ನಾಡಿದ್ದು ಅದನ್ನು ಆಫೀಸಿಗೆ ಕೊಡುವುದು. ಅವಳು ನೆಲಕ್ಕೆ ಕಾಲು ಒತ್ತಿ ಜೋಕಾಲಿಯನ್ನು ಮೆಲ್ಲಗೆ ನೂಕಿದಳು. ಮುಂದೆ ಹೋದಾಗ ಏನೋ ಘಮ ಮೂಗಿಗೆ ಬಡಿಯಿತು. ಹಿಂದೆ ಬಂದಾಗ ಇಲ್ಲ. ಮತ್ತೆ ಮುಂದೆ ಹೋದಾಗ ಬಂತು.

ಹೋದ ವರ್ಷ ಒಂದು ಸಂಜೆ ಡಬ್ಬಿಯ ಮುಂದೆ ಕೂತು ಬೇಗ ಏಳದೆ ಇದ್ದ ನೆನಪು ಅವಳಿಗೆ ಚೆನ್ನಾಗಿ ಇತ್ತು.

"ಚಂದೂ! ಏ ಚಂದೂ! ದೀಪಾ ತಾ! ಶೇವಂತೀ!"

ಲಾಟೀನು ಬಂತು. ಮಶಾಕಸಾಬ, ಶಮಶಾದಬಿ ಬಂದರು. ಹುಚ್ಚವ್ವ ಕೂಸನ್ನು ಎತ್ತಿಕೊಂಡೇ ಅರಿಶಿಣದ ಎಲೆಗಳನ್ನು ಒಂದು ಕೈಯಿಂದ ಸರಿಸಿದಳು. ಒಳಗೆ, ತಣ್ಣನೆಯ ನೆರಳಿನಲ್ಲಿ, ಬೆರಳಿನಷ್ಟು ದಪ್ಪದ ಒಂದು ದಂಟು. ಅದರ ತುದಿಯಲ್ಲಿ ಎರಡು ಬಿಳಿ ಹೂ ಅರಳಿದ್ದವು, ಉಳಿದವು ಮೊಗ್ಗು. ಹೂವಿನ ಹಿಂದೆ ಅದೇ ಉದ್ದನೆಯ ಬಾಲ.

ಚಂದಪ್ಪ ಲಾಟೀನು ಹಿಡಿದು ಮೊಣಕಾಲೂರಿದ. ಮುಟ್ಟಲು ಅಂಜಿದ. ಅವನ ಬಾಯಿಂದ ಬಂದ ಮೊದಲ ಮಾತು ಇದು: "ಆದ್ರ ಇದು ನಮ್ಮ ಮನಿ ಹಿತ್ತಲಲ್ಲ."

"ಈಗ ಇದನ್ನೊಂದು ತಗಿ!" ಎಂದು ಹುಚ್ಚವ್ವ ಹಣೆ ಬಡಿದುಕೊಂಡಳು.

"ಶರ್ತು ಅಂದ್ರ ಶರ್ತವಾ. ನ್ಯಾಯವಾಗಿ ನೋಡಿದ್ರ..."

"ನ್ಯಾಯವಾಗಿ ನೋಡಿದ್ರ ನಂದೊಂದ ಮಾತು ಕೇಳ್ರಿ" ಎಂದಳು ಶಮಶಾದಬಿ. "ಹೂ ಬಿಟ್ಟದ್ದು ನನ್ನ ಹಿತ್ತಲದಾಗ. ಹಂಗಾದ್ರ ಶೇವಂತಿ ನನ್ನ ಮನ್ಯಾಗ ಇರಬೇಕು. ನಿನಗ ಬೇಕಾದ್ರ ಆಗಾಗ ಬಂದು ನೋಡಿ ಹೋಗು. ತಂಬಗಿ ತರಬ್ಯಾಡ."

ಎಲ್ಲರೂ ನಕ್ಕರು. ಚಂದಪ್ಪ ಮಾತ್ರ ಹೆಂಡತಿಯ ಮುಖ ನೋಡುತ್ತ ಕೂತಿದ್ದ. ಅವನಿಗೆ ತೀರ್ಪು ಬೇಕಾಗಿತ್ತು.

"ನಾ 'ಈ ಮಣ್ಣಾಗ' ಅಂದಿದ್ದೆ" ಎಂದಳು ಶೇವಂತಿ. "ಹಿತ್ತಲದ ಮಾತು ಆಡಿರಲಿಲ್ಲ. ನಾ ಇಲ್ಲೇ ಇರಾಕಿ."

"ಮತ್ತ ಗಿಡಾ ಸತ್ತದ್ದು? ಡಬ್ಬ್ಯಾಗ..."

"ಅದು ಸಾಯೂದ ಇಲ್ರಿ. ಮಳಿ ಮುಗಿದ ಮ್ಯಾಲ ಎಲಿ ಉದರಿಸಿ ನೆಲದಾಗ ಮಲಗತೈತಿ. ಮಳಿ ಬಂದ್ರ ಏಳತೈತಿ. ಅಲ್ಲಿ ಕಾಡಿನಾಗ ಯಾರ ನೀರ ಹಾಕ್ತಾರ? ಒಂದ ಮೂಲ್ಯಾಗ ಬಿಟ್ಟು ಮರತಿದ್ರ ತಾನ ಹೂ ಬಿಡ್ತಿತ್ತು."

ಚಂದಪ್ಪ ಮೆಲ್ಲಗೆ ಕೇಳಿದ. "ನಿನಗ ಮೊದಲ ಗೊತ್ತ ಇತ್ತೇನು?"

"ಅಪ್ಪನ ಜೋಡಿ ಕಾಡು ತಿರಗಿದಾಕಿ ನಾನು."

"ಹಂಗಾದ್ರ ನಾ ಗೆಲ್ಲತೇನಿ ಅಂತ ಗೊತ್ತಿದ್ದೂ ಶರ್ತು ಕಟ್ಟಿದಿ?"

ಶೇವಂತಿ ಅತ್ತೆಯ ಕೈಯಿಂದ ಕೂಸನ್ನು ತೆಗೆದುಕೊಂಡಳು. "ಮತ್ತೇನ ಮಾಡ್ಲಿ? ಒಂದ ವರ್ಷ ಬಿಸಲ ಬಿಸಲ ಅಂತ ಬೈದ ಬಾಯಿಲೆ 'ಇಲ್ಲೇ ಇರ್ತೇನಿ' ಅಂತ ಹೆಂಗ ಹೇಳ್ಲಿ? ಗಿಡದ ಬಾಯಿಲೆ ಹೇಳಸಿದ್ರಾತು ಅಂತ ಮಾಡಿದ್ದೆ. ಗಂಡಸರು ಹದಿನೈದ ದಿನ ನೀರ ಹಾಕಿ ಮರೀತಾರ, ಗಿಡಾ ಉಳೀತೈತಿ ಅಂತ ತಿಳದಿದ್ದೆ." ಅವಳ ದನಿ ನಗೆಯಲ್ಲಿ ಒಡೆಯಿತು. "ನೀವು ಮರೀಲಾರದಂಥಾ ಗಂಡಸು ಅನ್ನೂದು ನನಗೇನ ಗೊತ್ತು? ತೊಟ್ಟಿಲದ ದಿನಾ 'ತಪ್ಪದ ಹಾಕಾಕತ್ತೇನಿ' ಅಂದ್ರಲ್ಲಾ, ನಗಬೇಕೋ ಅಳಬೇಕೋ ತಿಳೀಲಿಲ್ಲ. ಸಿಮೆಂಟಿನ ಸುದ್ದಿ ಆಗ ಗೊತ್ತಿದ್ರ ಅತ್ತ ಬಿಡ್ತಿದ್ದೆ."

"ಸಿಮೆಂಟು ನಂದು" ಎಂದು ಮಶಾಕಸಾಬ ಎದೆ ತಟ್ಟಿಕೊಂಡ. "ಇನ್ನೂ ಸೋರಿಲ್ಲ ನೋಡಮ್ಮ ಆ ಡಬ್ಬಿ."

ಶೇವಂತಿ ಗಂಡನ ಜೇಬಿನಿಂದ ಅರ್ಜಿಯನ್ನು ಎಳೆದು ಲಾಟೀನಿನ ಬೆಳಕಿಗೆ ಹಿಡಿದಳು. ವರ್ಗಾವಣೆ ಕೇಳಲು ಕಾರಣ ಬರೆಯಬೇಕಾದ ಕಡೆ, ಸಂಜೆಯ ಸಾಲಿಯ ದುಂಡಗಿನ ಅಕ್ಷರದಲ್ಲಿ, "ಮನೆಯಲ್ಲಿ ಒಂದು ಗಿಡವು ನಿಗದಿತ ಅವಧಿಯಲ್ಲಿ ಹೂ ಬಿಡದ ಕಾರಣ" ಎಂದು ಬರೆದಿತ್ತು.

"ಇದನ್ನ ಸಾಹೇಬ್ರಿಗೆ ಕೊಡಾವ್ರಿದ್ರೇನು?"

"ಖರೇ ಕಾರಣ ಅದ ಇತ್ತಲ್ಲ."

ಹುಚ್ಚವ್ವನಿಗೆ ಓದಲು ಬರುತ್ತಿರಲಿಲ್ಲ. ಶೇವಂತಿ ಎರಡು ಸಲ ಓದಿ ಹೇಳಬೇಕಾಯಿತು. ಎರಡನೆಯ ಸಲ ಕೇಳುವಾಗ ಅವಳು ಜೋಕಾಲಿಯ ಹಗ್ಗ ಹಿಡಿದು ನಗುತ್ತಿದ್ದಳು. ಮರುದಿನ ಶಮಶಾದಬಿಯ ಮನೆಗೆ ಪಂಚಮಿಯ ಉಂಡಿ ಹೋದದ್ದು ಅದೇ ಕಾಗದದ ಪೊಟ್ಟಣದಲ್ಲಿ. ಆ ವರ್ಷ ಎರಡು ಉಂಡಿ ಹೆಚ್ಚೇ ಹೋದವು, ಹಿತ್ತಲಿನ ಬಾಡಿಗೆ ಎಂದು.

ಹೂ ಶ್ರಾವಣ ಮುಗಿಯುವ ತನಕ ಇದ್ದವು. ದೀಪಾವಳಿಯ ಹೊತ್ತಿಗೆ ಮಳೆ ನಿಂತು ಬಿಸಿಲು ಗಟ್ಟಿಯಾಯಿತು. ಒಂದು ಬೆಳಿಗ್ಗೆ ಚಂದಪ್ಪ ಕೆಲಸಕ್ಕೆ ಹೊರಟವನು, ಕೀಲಿ ಜಗ್ಗಿ ನೋಡಿ, ಹಾಗೆಯೇ ಗೋಡೆಯ ಮೇಲಿಂದ ಒಂದು ಸಲ ಬಗ್ಗಿ ನೋಡಿದ. ನೆಲಸೀತಾಳೆಯ ಎಲೆಯ ತುದಿ ಹಳದಿಯಾಗಿತ್ತು.

ಎಲ್ಲವೂ ಗೊತ್ತಿದ್ದರೂ ಅವನು ಸೈಕಲ್ಲನ್ನು ಗೋಡೆಗೆ ಒರಗಿಸಿದ. ಆ ಕಡೆ ಈ ಕಡೆ ನೋಡಿದ. ಯಾರೂ ಇರಲಿಲ್ಲ. ನೀರಿನ ಬಾನಿಯ ಹತ್ತಿರ ಹೋಗಿ ಸದ್ದಾಗದಂತೆ ತಂಬಿಗೆ ಎತ್ತಿಕೊಂಡ.

"ಇಡ್ರಿ ಕೆಳಗ!" ಒಳಗಿನಿಂದ ಶೇವಂತಿ.

"ಇಡೋ ಕೆಳಗ!" ಒಲೆಯ ಮುಂದಿನಿಂದ ಹುಚ್ಚವ್ವ.

"ಕಸಬರಿಗಿ ಕೈಯಾಗ ಐತಿ ನೋಡು!" ಗೋಡೆಯ ಆ ಕಡೆಯಿಂದ ಶಮಶಾದಬಿ.

ಚಂದಪ್ಪ ತಂಬಿಗೆಯ ನೀರನ್ನು ತಾನೇ ಕುಡಿದು, ಸೈಕಲ್ ಹತ್ತಿ, ತನ್ನ ಗೋಡೆಯ ಕಡೆಗೆ ಹೊರಟ.